ಟ್ಯಾಲಿರಾಂಡ್: ‘ಅವಕಾಶವಾದಿ’ ಎಂದಷ್ಟೇ ಬರೆದರೆ ಸಾಲದು

ಫ್ರಾನ್ಸಿನ ರಾಜತಂತ್ರಜ್ಞ ಟ್ಯಾಲಿರಾಂಡ್ (1754–1838) ಬರೀ ಅವಕಾಶವಾದಿಯೇ ಎಂಬ ಪ್ರಶ್ನೆಗೆ ಉತ್ತರ ಬರೆಯುವವರಿಗೆ ಈ ಮಾತು. ಆ ಆರೋಪಕ್ಕೆ ಆಧಾರಗಳು ಬೇಕಾದಷ್ಟಿವೆ. ಬಿಷಪ್ ಆಗಿದ್ದವನೇ 1789ರ ಅಕ್ಟೋಬರ್‌ನಲ್ಲಿ ಚರ್ಚಿನ ಆಸ್ತಿಯನ್ನು ರಾಷ್ಟ್ರದ ವಶಕ್ಕೆ ಒಪ್ಪಿಸಬೇಕೆಂದು ಕ್ರಾಂತಿಕಾಲದ ರಾಷ್ಟ್ರೀಯ ಸಭೆಯ ಮುಂದೆ ಸೂಚನೆಯಿಟ್ಟ. ಮುಂದೆ ಡೈರೆಕ್ಟರಿ (ಕ್ರಾಂತಿಕಾಲದ ಐವರ ಆಡಳಿತ ಮಂಡಳಿ), ನೆಪೋಲಿಯನ್, 18ನೆಯ ಲೂಯಿ, ಲೂಯಿ ಫಿಲಿಪ್ ಎಲ್ಲರ ಬಳಿಯೂ ಅಧಿಕಾರದಲ್ಲಿದ್ದ. 1797ರಲ್ಲಿ ಸಂಧಾನಕ್ಕೆ ಬಂದ ಅಮೆರಿಕದ ಪ್ರತಿನಿಧಿಗಳಿಂದ ಈತನ ದೂತರು ಸುಮಾರು 2.5 ಲಕ್ಷ ಡಾಲರ್ ಲಂಚ ಕೇಳಿದರು. ಆ ಸುದ್ದಿ ಹೊರಬಿದ್ದು ಎರಡೂ ದೇಶಗಳು ಸಮುದ್ರದಲ್ಲಿ ಕಾದಾಡಿದವು. 1808ರಲ್ಲಿ ಎರ್ಫರ್ಟ್‌ನಲ್ಲಿ, ನೆಪೋಲಿಯನ್ನನ ಪರವಾಗಿ ಹೋಗಿದ್ದವನು, ಅವನಿಗೆ ಮಣಿಯಬೇಡಿ ಎಂದು ರಷ್ಯಾದ ತ್ಸಾರ್ ಅಲೆಕ್ಸಾಂಡರ್‌ನಿಗೆ ಗುಟ್ಟಾಗಿ ಹೇಳಿದ. ಇದು ದ್ರೋಹವಲ್ಲ ಎಂದು ವಾದಿಸುವುದು ಕಷ್ಟ, ನಾನಂತೂ ವಾದಿಸುವುದಿಲ್ಲ.

ಆದರೆ ನೆಪೋಲಿಯನ್ ಸೋತ ಮೇಲೆ ಯುರೋಪಿನ ಗಡಿಗಳನ್ನು ನಿರ್ಧರಿಸಲು ಸೇರಿದ ವಿಯೆನ್ನಾ ಸಮ್ಮೇಳನವನ್ನು ನಿಧಾನವಾಗಿ ಓದಿ. 1814ರ ಸೆಪ್ಟೆಂಬರ್‌ನಲ್ಲಿ ಈತ ಅಲ್ಲಿಗೆ ಬಂದಾಗ ಫ್ರಾನ್ಸ್ ಸೋತ ದೇಶ. ಬ್ರಿಟನ್, ಆಸ್ಟ್ರಿಯ, ಪ್ರಷ್ಯ, ರಷ್ಯಾಗಳು ಮುಖ್ಯ ತೀರ್ಮಾನಗಳನ್ನು ತಮ್ಮೊಳಗೇ ಮುಗಿಸಿಕೊಳ್ಳಲು ಹೊರಟಿದ್ದವು. ಶಾಂತಿ ಒಪ್ಪಂದವಾದ ಮೇಲೆ ‘ಮಿತ್ರಕೂಟ’ ಯಾರ ವಿರುದ್ಧ ಎಂದು ಟ್ಯಾಲಿರಾಂಡ್ ಪ್ರಶ್ನಿಸಿದ. ಸಣ್ಣ ರಾಜ್ಯಗಳ ಪರ ನಿಂತ. ನ್ಯಾಯಸಮ್ಮತ ಅರಸರ ಹಕ್ಕನ್ನು ಗೆದ್ದವರೂ ಮೀರಬಾರದೆಂಬ ತತ್ವವನ್ನು ಮುಂದಿಟ್ಟ. ಅಷ್ಟರಲ್ಲಿ ರಷ್ಯಾ ಪೋಲೆಂಡನ್ನೂ ಪ್ರಷ್ಯ ಇಡೀ ಸ್ಯಾಕ್ಸನಿಯನ್ನೂ ಬಯಸಿದವು. ಬ್ರಿಟನ್, ಆಸ್ಟ್ರಿಯಗಳಿಗೆ ಅದು ಒಪ್ಪಿಗೆಯಾಗಲಿಲ್ಲ. ಆ ಬಿರುಕು ಈತನಿಗೆ ಸಾಕಾಯಿತು. 1815ರ ಜನವರಿ 3ರಂದು ಬ್ರಿಟನ್ ಮತ್ತು ಆಸ್ಟ್ರಿಯಗಳ ಜೊತೆ, ರಷ್ಯಾ ಮತ್ತು ಪ್ರಷ್ಯಗಳ ವಿರುದ್ಧ, ರಹಸ್ಯ ಒಪ್ಪಂದಕ್ಕೆ ಸಹಿ ಹಾಕಿದ. ವರ್ಷದ ಹಿಂದೆ ಫ್ರಾನ್ಸಿನೊಡನೆ ಯುದ್ಧ ಮಾಡುತ್ತಿದ್ದ ಎರಡು ಶಕ್ತಿಗಳು ಈಗ ಅದರ ಪಾಲುದಾರರು! ಪ್ರಷ್ಯಕ್ಕೆ ಕೊನೆಗೆ ಸ್ಯಾಕ್ಸನಿಯ ಒಂದು ಭಾಗವಷ್ಟೇ ದಕ್ಕಿತು. ಸೈನ್ಯಬಲವಿಲ್ಲದೆ, ಎದುರಾಳಿಗಳ ಪರಸ್ಪರ ಭಯವನ್ನೇ ಬಳಸಿ ಸಾಧಿಸಿದ ಈ ಫಲವನ್ನು ಉತ್ತರದಲ್ಲಿ ಬಿಡಬೇಡಿ. ಪೋಲೆಂಡ್, ಸ್ಯಾಕ್ಸನಿಗಳ ಜನರ ಅಭಿಪ್ರಾಯವನ್ನು ಯಾರೂ ಕೇಳಲಿಲ್ಲ ಎಂಬುದನ್ನೂ ಸೇರಿಸಿ. ಅರಸರ ಹಕ್ಕಿನ ಆ ತತ್ವದ ದೊಡ್ಡ ಕೊರತೆ ಅದೇ.

ಈ ಗಳಿಕೆ ಹೆಚ್ಚು ಕಾಲ ನಿಲ್ಲಲಿಲ್ಲ. ಮಾರ್ಚ್‌ನಲ್ಲಿ ಗಡಿಪಾರಿನಿಂದ ತಪ್ಪಿಸಿಕೊಂಡು ಪ್ಯಾರಿಸ್‌ಗೆ ಮರಳಿದ ನೆಪೋಲಿಯನ್ ರಹಸ್ಯ ಒಪ್ಪಂದದ ಪ್ರತಿಯನ್ನು ಅಲೆಕ್ಸಾಂಡರ್‌ನಿಗೆ ಕಳುಹಿಸಿದ. 1814ರ ಪ್ಯಾರಿಸ್ ಒಪ್ಪಂದ ಫ್ರಾನ್ಸಿಗೆ 1792ರ ಗಡಿಯನ್ನು ಉಳಿಸಿತ್ತು, ಯುದ್ಧ ಪರಿಹಾರ ಕೇಳಿರಲಿಲ್ಲ. ವಾಟರ್ಲೂ ಕದನದಲ್ಲಿ ನೆಪೋಲಿಯನ್ ಮತ್ತೆ ಸೋತ ಬಳಿಕ, 1815ರ ನವೆಂಬರ್‌ನ ಒಪ್ಪಂದದಲ್ಲಿ ಗಡಿ 1790ಕ್ಕೆ ಸರಿಯಿತು. 70 ಕೋಟಿ ಫ್ರಾಂಕ್ ಪರಿಹಾರ, ಜೊತೆಗೆ ವಿದೇಶಿ ಸೇನೆಯ ಠಾಣ್ಯ. ಅದಕ್ಕೂ ಮೊದಲೇ, ಸೆಪ್ಟೆಂಬರ್‌ನಲ್ಲಿ, ಟ್ಯಾಲಿರಾಂಡ್ ರಾಜೀನಾಮೆ ಕೊಟ್ಟಿದ್ದ.

1830ರಿಂದ 1834ರವರೆಗೆ ಲಂಡನ್ನಿನಲ್ಲಿ ರಾಯಭಾರಿಯಾಗಿದ್ದಾಗ ಬೆಲ್ಜಿಯಂ ಕುರಿತ ಮಾತುಕತೆಗಳಲ್ಲಿ ಭಾಗವಹಿಸಿದ. ಅಲ್ಲಿ ಮಹಾಶಕ್ತಿಗಳು ಒಪ್ಪಿದ ಬೆಲ್ಜಿಯಂನ ತಟಸ್ಥತೆ 1914ರಲ್ಲಿ ಜರ್ಮನಿ ದಾಳಿ ಮಾಡುವವರೆಗೂ ಉಳಿಯಿತು.