ಎಥ್ನಿಕ್ ಸ್ಟಡೀಸ್ ಮತ್ತು ಬಹುಸಂಸ್ಕೃತಿ ಶಿಕ್ಷಣ: ಪಾಠ ಯಾರ ಕಣ್ಣಿನಿಂದ?

ಬಿ.ಎಡ್., ಎಂ.ಎಡ್. ಓದುವ ನಮಗೆಲ್ಲ ಬಹುಸಂಸ್ಕೃತಿ ಶಿಕ್ಷಣದ ಪ್ರಶ್ನೆ ಒಂದಲ್ಲ ಒಂದು ಪರೀಕ್ಷೆಯಲ್ಲಿ ಎದುರಾಗುತ್ತದೆ. ವ್ಯಾಖ್ಯೆ, ಉದ್ದೇಶ, ಐದು ಆಯಾಮ ಬರೆದರೆ ಅಂಕ ಬರುತ್ತದೆ, ನಿಜ. ಆದರೆ ಇದನ್ನು ಮೊದಲು ಕೇಳಿದವರು ಯಾರು, ಯಾಕೆ ಕೇಳಿದರು, ಅದಕ್ಕೆ ಅಷ್ಟೊಂದು ವಿರೋಧ ಯಾಕೆ ಬಂತು ಎಂಬುದು ಗೊತ್ತಿಲ್ಲದಿದ್ದರೆ ಆ ಐದು ಆಯಾಮ ಸುಮ್ನೆ ಬಾಯಿಪಾಠವಾಗಿ ಉಳಿಯುತ್ತದೆ. ಅದಕ್ಕೇ ಅಮೆರಿಕದಿಂದ ಶುರು ಮಾಡೋಣ. ಈ ಚರ್ಚೆ ಅಲ್ಲಿ ಬೀದಿಗೂ ಬಂದಿದೆ, ಕೋರ್ಟಿಗೂ ಹೋಗಿದೆ.

ಮೊದಲು ಒಂದು ವ್ಯತ್ಯಾಸ ತಿಳಿದುಕೊಳ್ಳಿ. ಬಹುಸಂಸ್ಕೃತಿ ಶಿಕ್ಷಣ ಎಂದರೆ ಇಡೀ ಶಾಲೆಗೆ ಸಂಬಂಧಿಸಿದ್ದು. ಗಣಿತವಿರಲಿ, ಭಾಷೆಯಿರಲಿ, ಶಾಲೆಯ ನಿಯಮಗಳಿರಲಿ, ಎಲ್ಲ ಹಿನ್ನೆಲೆಯ ಮಕ್ಕಳಿಗೂ ಅಲ್ಲಿ ನ್ಯಾಯ ಸಿಗಬೇಕು ಎನ್ನುತ್ತದೆ. ಎಥ್ನಿಕ್ ಸ್ಟಡೀಸ್ ಒಂದು ಪ್ರತ್ಯೇಕ ವಿಷಯ. ಕಪ್ಪು ಅಮೆರಿಕನ್ನರು, ಮೂಲನಿವಾಸಿಗಳು, ಲ್ಯಾಟಿನೋ ಸಮುದಾಯ, ಏಷ್ಯನ್ ಅಮೆರಿಕನ್ನರು – ಈ ನಾಲ್ಕು ಗುಂಪುಗಳ ಚರಿತ್ರೆ, ಸಾಹಿತ್ಯ, ಹೋರಾಟಗಳನ್ನು ಅವರದೇ ನೆಲೆಯಿಂದ ಓದುವುದು ಅದರ ತಿರುಳು. ಎರಡೂ ಒಂದೇ ಎಂದು ಬರೆದುಬಿಡುವವರು ಜಾಸ್ತಿ. ಎರಡರ ಬೇರು ಒಂದಕ್ಕೊಂದು ಹೆಣೆದುಕೊಂಡಿದೆ, ಆದರೆ ಕೇಳುವ ಪ್ರಶ್ನೆ ಬೇರೆ.

ಶುರುವಾದದ್ದು ಹೀಗೆ

1968ರ ಮಾರ್ಚ್‌ನಲ್ಲಿ ಪೂರ್ವ ಲಾಸ್ ಏಂಜಲೀಸ್‌ನ ಸಾವಿರಾರು ಹೈಸ್ಕೂಲ್ ಮಕ್ಕಳು ತರಗತಿ ಬಿಟ್ಟು ಹೊರಗೆ ಬಂದರು. ಹೆಚ್ಚಿನವರು ಮೆಕ್ಸಿಕನ್ ಅಮೆರಿಕನ್ ಮಕ್ಕಳು. ನಮ್ಮ ಜನರ ಚರಿತ್ರೆ ಪಾಠದಲ್ಲಿ ಬರಲಿ, ಶಾಲೆಯಲ್ಲಿ ಸ್ಪ್ಯಾನಿಷ್ ಮಾತಾಡಿದರೆ ಶಿಕ್ಷೆ ಕೊಡುವುದು ನಿಲ್ಲಲಿ ಎಂಬುದು ಅವರ ಬೇಡಿಕೆಗಳಲ್ಲಿ ಸೇರಿತ್ತು. ಕನ್ನಡ ಮಾತಾಡಿದ್ದಕ್ಕೆ ದಂಡ ಹಾಕಿದ ಶಾಲೆಗಳ ಸುದ್ದಿ ಓದಿರುವ ನಮಗೆ ಈ ಬೇಡಿಕೆಯ ನೋವು ಬಿಡಿಸಿ ಹೇಳಬೇಕಾಗಿಲ್ಲ.

ಅದೇ ವರ್ಷ ನವೆಂಬರ್ 6ರಂದು ಸ್ಯಾನ್ ಫ್ರಾನ್ಸಿಸ್ಕೋ ಸ್ಟೇಟ್ ಕಾಲೇಜಿನಲ್ಲಿ ಮುಷ್ಕರ ಶುರುವಾಯಿತು. ಜಾರ್ಜ್ ಮರ್ರೆ ಎಂಬ ಅಧ್ಯಾಪಕರನ್ನು ಅಮಾನತು ಮಾಡಿದ್ದು ತಕ್ಷಣದ ಕಾರಣ. ಒಳಗಿನ ಸಿಟ್ಟು ಅದಕ್ಕಿಂತ ಹಳೆಯದು. ಕಪ್ಪು ವಿದ್ಯಾರ್ಥಿಗಳ ಸಂಘದ ಜೊತೆ ಏಷ್ಯನ್, ಲ್ಯಾಟಿನೋ ವಿದ್ಯಾರ್ಥಿಗಳು ಸೇರಿ 'ಥರ್ಡ್ ವರ್ಲ್ಡ್ ಲಿಬರೇಶನ್ ಫ್ರಂಟ್' ಹೆಸರಿನಲ್ಲಿ ಒಟ್ಟಾದರು. ಸಂಘದ್ದೂ ಫ್ರಂಟ್‌ನದ್ದೂ ಸೇರಿ 15 ಬೇಡಿಕೆ. ಕಾಲೇಜಿನ ಹೊಸ ಮುಖ್ಯಸ್ಥ ಎಸ್. ಐ. ಹಯಕಾವಾ ಭಾಷಾವಿದ್ವಾಂಸರು, ಜಪಾನಿ ಮೂಲದವರು. ಡಿಸೆಂಬರ್‌ನಲ್ಲಿ ಅವರೇ ವಿದ್ಯಾರ್ಥಿಗಳ ವಾಹನದ ಮೇಲೆ ಹತ್ತಿ ಧ್ವನಿವರ್ಧಕದ ವೈರುಗಳನ್ನು ಕಿತ್ತರು. ಪೊಲೀಸರು ಬಂದರು, ನೂರಾರು ಜನರ ಬಂಧನವಾಯಿತು, ಜನವರಿಯಲ್ಲಿ ಅಧ್ಯಾಪಕರ ಸಂಘವೂ ಮುಷ್ಕರಕ್ಕೆ ಇಳಿಯಿತು. 1969ರ ಮಾರ್ಚ್‌ನಲ್ಲಿ ಒಪ್ಪಂದವಾಗುವ ಹೊತ್ತಿಗೆ ಸುಮಾರು ಐದು ತಿಂಗಳು ಕಳೆದಿತ್ತು. ಎಲ್ಲ ಬೇಡಿಕೆಯೂ ಈಡೇರಲಿಲ್ಲ. ಮರ್ರೆ ಅವರಿಗೆ ಕೆಲಸ ಮರಳಿ ಸಿಗಲಿಲ್ಲ. ಆದರೆ ಆ ವರ್ಷವೇ ಅಲ್ಲಿ ಎಥ್ನಿಕ್ ಸ್ಟಡೀಸ್‌ಗೆ ಒಂದು ಪೂರ್ತಿ ಸ್ಕೂಲ್ (ಕಾಲೇಜಿನೊಳಗಿನ ದೊಡ್ಡ ವಿಭಾಗ) ತೆರೆಯಿತು. ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದ ಬರ್ಕ್ಲಿ ಕ್ಯಾಂಪಸ್‌ನಲ್ಲೂ 1969ರಲ್ಲಿ ಇಂಥದೇ ಮುಷ್ಕರ ನಡೆದು ವಿಭಾಗ ಹುಟ್ಟಿಕೊಂಡಿತು.

ಇಲ್ಲಿ ಗಮನಿಸಬೇಕಾದದ್ದು ಆ 15 ಬೇಡಿಕೆಗಳ ಸ್ವಭಾವ. 'ನಮ್ಮ ಬಗ್ಗೆ ಒಂದು ಪಾಠ ಸೇರಿಸಿ' ಎಂದಷ್ಟೇ ಅವರು ಕೇಳಲಿಲ್ಲ. ಯಾರಿಗೆ ಪ್ರವೇಶ, ಯಾರು ಪಾಠ ಮಾಡಬೇಕು, ಅಧ್ಯಾಪಕರನ್ನು ನೇಮಿಸುವ ಅಧಿಕಾರ ಯಾರದು ಎಂದು ಕೇಳಿದರು. ಅದಕ್ಕೇ ಅಷ್ಟು ದೊಡ್ಡ ಗದ್ದಲ. ಒಂದು ಅಧ್ಯಾಯ ಸೇರಿಸುವುದಕ್ಕೆ ಯಾರೂ ಪೊಲೀಸರನ್ನು ಕರೆಸುವುದಿಲ್ಲ, ಅಲ್ವಾ?

ಬ್ಯಾಂಕ್ಸ್ ಹೇಳಿದ ನಾಲ್ಕು ಮೆಟ್ಟಿಲು

ಸಿಯಾಟಲ್‌ನ ವಾಷಿಂಗ್ಟನ್ ವಿಶ್ವವಿದ್ಯಾಲಯದಲ್ಲಿದ್ದ ಜೇಮ್ಸ್ ಬ್ಯಾಂಕ್ಸ್ ಈ ಕ್ಷೇತ್ರದ ದೊಡ್ಡ ಹೆಸರು. ಅವರ ಐದು ಆಯಾಮಗಳು ನಿಮಗೆ ಗೊತ್ತಿರುತ್ತವೆ: ವಿಷಯ ಸೇರ್ಪಡೆ, ಜ್ಞಾನ ಹೇಗೆ ರಚನೆಯಾಗುತ್ತದೆ ಎಂಬ ವಿಚಾರಣೆ, ಪೂರ್ವಗ್ರಹ ತಗ್ಗಿಸುವುದು, ಸಮಾನತೆ ತರುವ ಬೋಧನೆ, ಎಲ್ಲರಿಗೂ ಬಲ ಕೊಡುವ ಶಾಲಾ ವಾತಾವರಣ. ಪಟ್ಟಿ ನೆನಪಿಟ್ಟುಕೊಳ್ಳುವುದು ಸುಲಭ. ನನ್ನ ಮಟ್ಟಿಗೆ ಹೆಚ್ಚು ಉಪಯೋಗಕ್ಕೆ ಬಂದದ್ದು ಪಠ್ಯದ ಬಗ್ಗೆ ಅವರು ಹೇಳುವ ನಾಲ್ಕು ಹಂತಗಳು. ಪುಸ್ತಕದಲ್ಲಿ ಒಣಒಣವಾಗಿ ಕಾಣುವ ಇವು ಒಂದು ಪಾಠಕ್ಕೆ ಹಚ್ಚಿ ನೋಡಿದರೆ ಜೀವ ಪಡೆಯುತ್ತವೆ.

ಅಮೆರಿಕದ ಪೂರ್ವ–ಪಶ್ಚಿಮ ಜೋಡಿಸಿದ ರೈಲು ಮಾರ್ಗವನ್ನು ತೆಗೆದುಕೊಳ್ಳಿ. 1869ರ ಮೇ 10ರಂದು ಯೂಟಾದ ಪ್ರೊಮಾಂಟರಿಯಲ್ಲಿ ಎರಡು ಕಡೆಯ ಹಳಿ ಸೇರಿದವು. ಪಶ್ಚಿಮದ ಭಾಗ ಕಟ್ಟಿದ್ದು ಸೆಂಟ್ರಲ್ ಪೆಸಿಫಿಕ್ ಕಂಪನಿ. ಅದರ ಕೆಲಸಗಾರರಲ್ಲಿ ಬಹುಪಾಲು ಚೀನೀಯರು.

ಮೊದಲ ಹಂತದ ಶಾಲೆ ಚೀನೀ ಹೊಸ ವರ್ಷದ ದಿನ ಕೆಂಪು ಲಾಟೀನು ಕಟ್ಟಿ, ರೈಲು ಕಟ್ಟಿದ ಚೀನೀಯರಿಗೆ ವಂದನೆ ಹೇಳಿ ಮುಗಿಸುತ್ತದೆ. ಹಬ್ಬ, ಊಟ, ಒಬ್ಬಿಬ್ಬರು ವೀರರು. ಎರಡನೆಯದರಲ್ಲಿ ರೈಲಿನ ಪಾಠದ ಕೊನೆಗೆ 'ಚೀನೀ ಕಾರ್ಮಿಕರು' ಎಂಬ ಒಂದು ಪುಟ ಸೇರುತ್ತದೆ. ಪಾಠದ ಮೈ ಮಾತ್ರ ಹಳೆಯದೇ. ಕಂಪನಿ ಮಾಲೀಕರ ಸಾಹಸ, ದೇಶದ ಪ್ರಗತಿ, ಅದರ ಬಾಲಕ್ಕೆ ಈ ಪುಟ.

ಮೂರನೆಯ ಹಂತಕ್ಕೆ ಬಂದಾಗ ಪಾಠವೇ ತಿರುಗಿಕೊಳ್ಳುತ್ತದೆ. ಈಗ ಕತೆ ಸಿಯೆರಾ ನೆವಾಡಾ ಬೆಟ್ಟದಲ್ಲಿ ಬಂಡೆ ಒಡೆಯುತ್ತಿದ್ದವನ ಕಡೆಯಿಂದ ಶುರು. 1867ರ ಜೂನ್‌ನಲ್ಲಿ ಸಾವಿರಾರು ಚೀನೀ ಕೆಲಸಗಾರರು ಬಿಳಿಯರಷ್ಟೇ ಕೂಲಿ ಬೇಕೆಂದು ಕೆಲಸ ನಿಲ್ಲಿಸಿದ್ದರು. ಕಂಪನಿ ಅವರ ಊಟದ ಸಾಮಾನು ಬರದಂತೆ ತಡೆಯಿತು. ಸುಮಾರು ಒಂದು ವಾರದಲ್ಲಿ ಮುಷ್ಕರ ಮುರಿಯಿತು. ರೈಲು ಓಡಿತು. 1882ರಲ್ಲಿ ಚೀನೀ ಕಾರ್ಮಿಕರು ದೇಶಕ್ಕೆ ಬರದಂತೆ ಕಾನೂನೇ ಬಂತು. ಇದೇ ಹಳಿ ಯಾರ ನೆಲದ ಮೇಲೆ ಹೋಯಿತು ಎಂದು ಕೇಳಿದರೆ ಮೂಲನಿವಾಸಿಗಳ ಕತೆಯೂ ಒಳಗೆ ಬರುತ್ತದೆ. 'ಪ್ರಗತಿ' ಎಂದು ಬರೆದಿದ್ದ ಜಾಗದಲ್ಲಿ 'ಯಾರ ಪ್ರಗತಿ, ಯಾರ ಬೆಲೆಗೆ' ಎಂದು ಮಗು ಕೇಳತೊಡಗುತ್ತದೆ. ನಾಲ್ಕನೆಯ ಹಂತದಲ್ಲಿ ಮಗು ತಾನೇ ಏನಾದರೂ ಮಾಡುತ್ತದೆ: ತನ್ನ ಊರಿನ ಸ್ಮಾರಕಗಳಲ್ಲಿ ಯಾರ ಹೆಸರಿದೆ, ಯಾರದಿಲ್ಲ ಎಂದು ಪಟ್ಟಿ ಮಾಡಿ ನಗರ ಸಭೆಗೆ ಪತ್ರ ಬರೆಯಬಹುದು.

ಎಥ್ನಿಕ್ ಸ್ಟಡೀಸ್ ಕೇಳುವುದು ಮೂರನೆಯ ಮತ್ತು ನಾಲ್ಕನೆಯ ಹಂತವನ್ನು. ಬಹುಸಂಸ್ಕೃತಿ ಶಿಕ್ಷಣದ ಹೆಸರಿನಲ್ಲಿ ಶಾಲೆಗಳು ಹೆಚ್ಚಾಗಿ ನಿಲ್ಲುವುದು ಮೊದಲೆರಡರಲ್ಲಿ. ಬ್ಯಾಂಕ್ಸ್ ಅವರ ಉದ್ದೇಶ ಹಾಗಿರಲಿಲ್ಲ. ಸುಲಭವಾದದ್ದನ್ನು ಶಾಲೆಗಳು ಆರಿಸಿಕೊಂಡವು. ಉತ್ತರ ಬರೆಯುವಾಗ ಇದನ್ನು ಬಿಡಬೇಡಿ.

ಟೂಸಾನ್: ಒಂದು ವಿಷಯವನ್ನೇ ನಿಷೇಧಿಸಿದಾಗ

ಅರಿಜೋನಾದ ಟೂಸಾನ್ ಶಾಲಾ ಜಿಲ್ಲೆಯಲ್ಲಿ 1998ರಿಂದ ಮೆಕ್ಸಿಕನ್ ಅಮೆರಿಕನ್ ಅಧ್ಯಯನದ ಕಾರ್ಯಕ್ರಮ ನಡೆಯುತ್ತಿತ್ತು. ಅಲ್ಲಿ ಓದುವವರು ಹೆಚ್ಚಾಗಿ ಆ ಸಮುದಾಯದ ಮಕ್ಕಳೇ ಆಗಿದ್ದರೂ ಬಾಗಿಲು ಎಲ್ಲರಿಗೂ ತೆರೆದಿತ್ತು. ರಾಜ್ಯದ ಶಿಕ್ಷಣ ಮುಖ್ಯಸ್ಥ ಟಾಮ್ ಹಾರ್ನ್ ಇದರ ವಿರುದ್ಧ ವರ್ಷಗಟ್ಟಲೆ ಬೆನ್ನು ಹತ್ತಿದರು. 2010ರ ಮೇನಲ್ಲಿ ಕಾನೂನು ಬಂತು. ಸರ್ಕಾರವನ್ನು ಉರುಳಿಸಲು ಪ್ರಚೋದಿಸುವ, ಒಂದು ಜನಾಂಗ ಅಥವಾ ವರ್ಗದ ಮೇಲೆ ಅಸಮಾಧಾನ ಹುಟ್ಟಿಸುವ, ಒಂದೇ ಸಮುದಾಯದ ಮಕ್ಕಳಿಗೆಂದು ರೂಪಿಸಿದ, ಮಕ್ಕಳನ್ನು ವ್ಯಕ್ತಿಗಳಾಗಿ ನೋಡದೆ ಜನಾಂಗದ ಒಗ್ಗಟ್ಟನ್ನು ಹೇಳುವ ಪಾಠ – ಈ ನಾಲ್ಕೂ ನಿಷಿದ್ಧ. ಮೀರಿದರೆ ರಾಜ್ಯದ ಅನುದಾನದಲ್ಲಿ ಶೇ. 10ರಷ್ಟು ಕಡಿತ.

ಹಾರ್ನ್ ನಂತರ ಬಂದ ಜಾನ್ ಹಪನ್‌ಥಾಲ್ ಹೊರಗಿನವರಿಂದ ತಪಾಸಣೆ ಮಾಡಿಸಿದರು. 2011ರಲ್ಲಿ ಬಂದ ಆ ವರದಿ, ಕಾನೂನು ಮುರಿದ ಪುರಾವೆ ಕಾಣಲಿಲ್ಲ ಎಂದಿತು. ಆದರೂ ಅವರು ಕಾನೂನು ಮುರಿದಿದೆ ಎಂದೇ ಘೋಷಿಸಿದರು. ಆ ಏಪ್ರಿಲ್‌ನಲ್ಲಿ ವಿದ್ಯಾರ್ಥಿಗಳು ಶಾಲಾ ಮಂಡಳಿಯ ಸಭೆಗೆ ನುಗ್ಗಿ ಸದಸ್ಯರ ಕುರ್ಚಿಗಳಿಗೆ ತಮ್ಮನ್ನು ಸರಪಳಿಯಿಂದ ಬಿಗಿದುಕೊಂಡರು. ತಮ್ಮ ಪಾಠ ಉಳಿಸಿ ಎಂದು ಮಕ್ಕಳು ಇಷ್ಟು ದೂರ ಹೋಗುತ್ತಾರೆಂದರೆ ಆ ತರಗತಿಯಲ್ಲಿ ಅವರಿಗೆ ಏನೋ ಸಿಕ್ಕಿತ್ತು ಎಂದೇ ಅರ್ಥ. 2012ರ ಜನವರಿಯಲ್ಲಿ ಅನುದಾನದ ಭಯಕ್ಕೆ ಮಂಡಳಿ ಕಾರ್ಯಕ್ರಮ ನಿಲ್ಲಿಸಿತು. ಏಳು ಪುಸ್ತಕಗಳನ್ನು ತರಗತಿಗಳಿಂದ ತೆಗೆದು ಪೆಟ್ಟಿಗೆಗೆ ತುಂಬಿದರು.

ಐದು ವರ್ಷ ಕಳೆದ ಮೇಲೆ, 2017ರ ಆಗಸ್ಟ್‌ನಲ್ಲಿ, ಫೆಡರಲ್ ನ್ಯಾಯಾಧೀಶ ವಾಲೇಸ್ ತಾಶಿಮಾ ತೀರ್ಪು ಕೊಟ್ಟರು. ಕಾನೂನು ತಂದದ್ದರಲ್ಲೂ ಜಾರಿ ಮಾಡಿದ್ದರಲ್ಲೂ ಜನಾಂಗ ದ್ವೇಷ ಕೆಲಸ ಮಾಡಿದೆ, ಮಕ್ಕಳ ಸಂವಿಧಾನಾತ್ಮಕ ಹಕ್ಕಿಗೆ ಧಕ್ಕೆಯಾಗಿದೆ ಎಂದರು. ಹಪನ್‌ಥಾಲ್ ತಮ್ಮ ಹೆಸರು ಮರೆಮಾಚಿ ಇಂಟರ್ನೆಟ್‌ನಲ್ಲಿ ಬರೆದಿದ್ದ ಮಾತುಗಳೂ ಸಾಕ್ಷಿಯಾಗಿದ್ದವು. ತಾಶಿಮಾ ಅವರ ಹಿನ್ನೆಲೆಯನ್ನೂ ತಿಳಿದಿರಿ: ಎರಡನೇ ಮಹಾಯುದ್ಧದ ಕಾಲದಲ್ಲಿ, ಜಪಾನಿ ಮೂಲದವರೆಂಬ ಕಾರಣಕ್ಕೆ, ಅವರ ಬಾಲ್ಯದ ಕೆಲವು ವರ್ಷ ಅದೇ ಅರಿಜೋನಾದ ಪೋಸ್ಟನ್ ಶಿಬಿರದಲ್ಲಿ ಬಂಧನದಲ್ಲಿ ಕಳೆದಿತ್ತು.

ವಿರೋಧಿಸುವವರ ಮಾತನ್ನೂ ಕೇಳಬೇಕು. ಇಂಥ ಪಾಠ ಮಕ್ಕಳನ್ನು 'ನಾವು–ಅವರು' ಎಂದು ಒಡೆಯುತ್ತದೆ, ಮೇಷ್ಟರ ರಾಜಕೀಯ ಮಕ್ಕಳ ತಲೆಗೆ ಹೋಗುತ್ತದೆ ಎಂಬ ಭಯ ಹುಸಿಯಲ್ಲ. ಕೆಟ್ಟದಾಗಿ ಕಲಿಸಿದರೆ ಖಂಡಿತ ಹಾಗಾಗುತ್ತದೆ. ಆದರೆ ಕೆಟ್ಟ ಪಾಠಕ್ಕೆ ಮದ್ದು ಒಳ್ಳೆಯ ತರಬೇತಿ. ಟೂಸಾನ್‌ನಲ್ಲಿ ವರದಿ ಪರವಾಗಿದ್ದರೂ ಬಾಗಿಲು ಮುಚ್ಚಿದರು ಎಂಬುದು ನನ್ನನ್ನು ಈ ವಾದದಿಂದ ದೂರ ಇಡುತ್ತದೆ.

ಕಲಿಕೆ ಸುಧಾರಿಸಿತೇ?

ಟೂಸಾನ್ ಬಗ್ಗೆ ನೋಲನ್ ಕಬ್ರೆರಾ ಮತ್ತು ಸಂಗಡಿಗರು 2014ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, ಈ ಪಾಠ ಓದಿದವರು ರಾಜ್ಯದ ಪರೀಕ್ಷೆ ಪಾಸಾಗುವ ಮತ್ತು ಹೈಸ್ಕೂಲ್ ಮುಗಿಸುವ ಸಾಧ್ಯತೆ ಹೆಚ್ಚಿತ್ತು. ಆದರೆ ಆಸಕ್ತಿ ಇದ್ದವರೇ ಈ ವಿಷಯ ಆರಿಸಿಕೊಂಡಿರಬಹುದಲ್ಲ?

ಈ ಸಂಶಯಕ್ಕೆ ಸ್ಯಾನ್ ಫ್ರಾನ್ಸಿಸ್ಕೋದ ಅಧ್ಯಯನ ಒಂದು ದಾರಿ ತೋರಿಸಿತು. ಸ್ಟ್ಯಾನ್‌ಫರ್ಡ್‌ನ ಥಾಮಸ್ ಡೀ ಮತ್ತು ಎಮಿಲಿ ಪೆನ್ನರ್ ಮಾಡಿದ್ದು. ಅಲ್ಲಿನ ಕೆಲವು ಶಾಲೆಗಳಲ್ಲಿ ಎಂಟನೇ ತರಗತಿಯ ಸರಾಸರಿ ಗ್ರೇಡ್ (4.0ಕ್ಕೆ) 2.0ಗಿಂತ ಕಡಿಮೆ ಬಂದವರನ್ನು ಒಂಬತ್ತರಲ್ಲಿ ಎಥ್ನಿಕ್ ಸ್ಟಡೀಸ್‌ಗೆ ತಾನಾಗಿಯೇ ಸೇರಿಸುತ್ತಿದ್ದರು. ಈಗ ಯೋಚಿಸಿ: 1.9 ಬಂದ ಮಗುವಿಗೂ 2.1 ಬಂದ ಮಗುವಿಗೂ ಬುದ್ಧಿಯಲ್ಲಿ ಏನು ದೊಡ್ಡ ವ್ಯತ್ಯಾಸ? ಗೆರೆಯ ಆಚೀಚೆ ಇರುವ ಇವರನ್ನು ಹೋಲಿಸಿದರೆ ಪಾಠದ ಪರಿಣಾಮ ಬೇರೆಯಾಗಿ ಕಾಣುತ್ತದೆ. ಸಂಶೋಧನಾ ವಿಧಾನದ ಪತ್ರಿಕೆಗೂ ಈ ಉದಾಹರಣೆ ಉಪಯೋಗಕ್ಕೆ ಬರುತ್ತದೆ. ಸಿಕ್ಕ ಫಲಿತಾಂಶ: ಹಾಜರಾತಿ 21 ಶೇಕಡಾ ಅಂಶ ಮೇಲೆ, ಗ್ರೇಡ್ ಸರಾಸರಿ 1.4 ಅಂಕ ಮೇಲೆ. ಇಷ್ಟು ದೊಡ್ಡ ಏರಿಕೆ ಶಿಕ್ಷಣ ಸಂಶೋಧನೆಯಲ್ಲಿ ಅಪರೂಪ. ಅಧ್ಯಯನ ಚಿಕ್ಕದು, ಎಲ್ಲ ಕಡೆಗೂ ಇದನ್ನು ಹಾಗೇ ಅನ್ವಯಿಸಲು ಆಗದು ಎಂಬ ಟೀಕೆಯೂ ಬಂತು. ಅದು ನ್ಯಾಯವಾದ ಟೀಕೆ. ಈ ಫಲಿತಾಂಶ ಗೆರೆಯ ಹತ್ತಿರದ ಮಕ್ಕಳದ್ದು, ಚೆನ್ನಾಗಿ ತಯಾರಾದ ಶಿಕ್ಷಕರದ್ದು ಎಂದು ಸೇರಿಸಿ ಬರೆಯಿರಿ.

ಕ್ಯಾಲಿಫೋರ್ನಿಯಾದ ಕಾನೂನು, ಅಲ್ಲಿನ ನಮ್ಮವರು

ಕ್ಯಾಲಿಫೋರ್ನಿಯಾ 2019ರಲ್ಲಿ ಎಥ್ನಿಕ್ ಸ್ಟಡೀಸ್‌ನ ಮಾದರಿ ಪಠ್ಯಕ್ರಮದ ಮೊದಲ ಕರಡು ಹೊರತಂದಾಗ ಯೆಹೂದಿ ಸಂಘಟನೆಗಳು ತೀವ್ರವಾಗಿ ಆಕ್ಷೇಪಿಸಿದವು. ತಿದ್ದಿ ತೀಡಿ 2021ರ ಮಾರ್ಚ್‌ನಲ್ಲಿ ಒಪ್ಪಿದ ಪಠ್ಯಕ್ರಮದಲ್ಲಿ ಯೆಹೂದಿ, ಸಿಖ್, ಅರ್ಮೇನಿಯನ್ ಸಮುದಾಯಗಳ ಮಾದರಿ ಪಾಠಗಳೂ ಇವೆ. ಅದೇ ವರ್ಷ ಅಕ್ಟೋಬರ್‌ನಲ್ಲಿ ಹೈಸ್ಕೂಲ್ ಮುಗಿಸಲು ಒಂದು ಸೆಮಿಸ್ಟರ್ ಎಥ್ನಿಕ್ ಸ್ಟಡೀಸ್ ಕಡ್ಡಾಯ ಮಾಡುವ ಕಾನೂನಿಗೆ ರಾಜ್ಯಪಾಲ ಗ್ಯಾವಿನ್ ನ್ಯೂಸಮ್ ಸಹಿ ಹಾಕಿದರು. 2029–30ರಲ್ಲಿ ಹೊರಬರುವ ತಂಡಕ್ಕೆ ಅದು ಮೊದಲು ಅನ್ವಯವಾಗಬೇಕಿತ್ತು.

ಫ್ರೀಮಾಂಟ್, ಕ್ಯೂಪರ್ಟಿನೋ ಕಡೆಯ ಕನ್ನಡ ಮನೆಗಳ ಮಕ್ಕಳಿಗೆ ಈ ಪಾಠ ಹೊರಗಿನದಲ್ಲ. ಭಗತ್ ಸಿಂಗ್ ತಿಂಡ್ ಎಂಬ ಪಂಜಾಬಿ ಮೊದಲ ಮಹಾಯುದ್ಧದಲ್ಲಿ ಅಮೆರಿಕದ ಸೈನ್ಯದಲ್ಲಿದ್ದವರು. 1923ರಲ್ಲಿ ಸುಪ್ರೀಂ ಕೋರ್ಟ್ ಅವರು 'ಬಿಳಿಯ'ರಲ್ಲ, ಹಾಗಾಗಿ ಪೌರತ್ವಕ್ಕೆ ಅರ್ಹರಲ್ಲ ಎಂದಿತು. ಭಾರತೀಯರಿಗೆ ಆ ಬಾಗಿಲು ತೆರೆದದ್ದು 1946ರಲ್ಲಿ. ಬೆಂಗಳೂರು, ಮೈಸೂರಿನ ಎಂಜಿನಿಯರು, ಡಾಕ್ಟರುಗಳು ದೊಡ್ಡ ಸಂಖ್ಯೆಯಲ್ಲಿ ಹೋಗಲು ಸಾಧ್ಯವಾದದ್ದು 1965ರ ವಲಸೆ ಕಾನೂನಿನಿಂದ, ಮತ್ತು ಆ ಕಾನೂನಿಗೆ ಹಾದಿ ಮಾಡಿದ್ದು ಕಪ್ಪು ಜನರ ನಾಗರಿಕ ಹಕ್ಕುಗಳ ಹೋರಾಟದ ಗಾಳಿ. ತನ್ನ ಅಪ್ಪ ಅಮ್ಮ ಇಲ್ಲಿಗೆ ಬಂದ ಕತೆಯಲ್ಲಿ ಬೇರೆ ಸಮುದಾಯದ ಬೆವರೂ ಇದೆ ಎಂದು ಆ ಮಗು ಕಲಿಯುವುದು ಹಬ್ಬದ ದಿನದ ಕಾರ್ಯಕ್ರಮದಲ್ಲಿ ಸಾಧ್ಯವಿಲ್ಲ.

ಆದರೆ ಕಾನೂನಿನಲ್ಲಿ ಒಂದು ಷರತ್ತಿತ್ತು: ರಾಜ್ಯ ಹಣ ಕೊಟ್ಟರೆ ಮಾತ್ರ ಕಡ್ಡಾಯ. 2025–26ರಿಂದ ಶಾಲೆಗಳು ಈ ವಿಷಯ ಶುರು ಮಾಡಬೇಕಿತ್ತು. ಆ ವರ್ಷದ ಬಜೆಟ್‌ನಲ್ಲಿ ಅದಕ್ಕೆ ಹಣ ಇಡಲಿಲ್ಲ. ಹೀಗಾಗಿ ಕಲಿಸುವುದೋ ಬಿಡುವುದೋ ಎಂಬ ತೀರ್ಮಾನ ಆಯಾ ಶಾಲಾ ಜಿಲ್ಲೆಗಳ ಕೈಗೆ ಬಂದಿದೆ.