ಲಕ್ವಾ ಹೊಡೆದವರಿಗೆ ಸ್ಕ್ಯಾನಿಂಗ್ ಇಂಜೆಕ್ಷನ್: ಕಿಡ್ನಿ ಹೋಗುತ್ತದೆಯೇ?

ಪ್ರಶ್ನೆ: ಲಕ್ವಾ ಹೊಡೆದವರಿಗೆ ಒಂದು ಸಿಟಿ ಸ್ಕ್ಯಾನ್ ಆದ ಕೂಡಲೇ "ಇಂಜೆಕ್ಷನ್ ಕೊಟ್ಟು ಇನ್ನೊಂದು ಮಾಡಬೇಕು, ಸಹಿ ಹಾಕಿ" ಅನ್ನುತ್ತಾರೆ. ಶುಗರ್ ಇದ್ದವರಿಗೆ ಅದರಿಂದ ಕಿಡ್ನಿ ಹೋಗುತ್ತದಂತೆ. ಬೇಡ ಅನ್ನಬಹುದೇ?

ಬೇಡ ಅನ್ನುವ ಹಕ್ಕು ನಿಮಗಿದೆ. ಕಿಡ್ನಿಗೆ ಹೆದರಿ ಮಾತ್ರ ಹಾಗನ್ನಬೇಡಿ. ಸಿಂಧನೂರಿನವರಾಗಲಿ, ಗಂಗಾವತಿಯವರಾಗಲಿ, ಸಿರುಗುಪ್ಪದವರಾಗಲಿ, ಸ್ಕ್ಯಾನಿಂಗ್ ರೂಮಿನ ಬಾಗಿಲಲ್ಲಿ ಇದೇ ಮಾತು. ಎಷ್ಟು ಸಲ ಹೇಳಿದರೂ ತೀರದು. ಈ ಸಲ ಬಿಡಿಸಿಯೇ ಹೇಳುತ್ತೇನೆ.

ಮೊದಲ ಸ್ಕ್ಯಾನ್ ಇಂಜೆಕ್ಷನ್ ಇಲ್ಲದ್ದು. ಮಿದುಳಿನಲ್ಲಿ ರಕ್ತ ಸೋರಿದೆಯೇ ಎಂದು ಮೊದಲು ನೋಡಬೇಕು. ಸೋರಿದ ರಕ್ತ ಸಿಟಿಯಲ್ಲಿ ಬೆಳ್ಳಗೆ ಕಾಣುತ್ತದೆ, ಇಂಜೆಕ್ಷನ್ನಿನಲ್ಲಿ ಕೊಡುವ ಕಾಂಟ್ರಾಸ್ಟ್ ಔಷಧವೂ ಬೆಳ್ಳಗೇ ಕಾಣುತ್ತದೆ. ಅದನ್ನೇ ಮೊದಲು ಕೊಟ್ಟರೆ ಯಾವುದು ರಕ್ತ, ಯಾವುದು ಔಷಧ ಎಂದು ಗುರುತಿಸುವುದು ಕಷ್ಟ. ಈ ಕ್ರಮ ಇರುವುದು ಅದಕ್ಕೆ, ಎರಡು ಸಲ ದುಡ್ಡು ಕೀಳಲಿಕ್ಕಲ್ಲ. ಇನ್ನು ಈ ಸ್ಕ್ಯಾನ್ "ನಾರ್ಮಲ್" ಬಂತು ಎಂದರೆ ಸ್ಟ್ರೋಕ್ (ಲಕ್ವಾ) ಇಲ್ಲ ಎಂದರ್ಥವಲ್ಲ. ನಾಳ ಕಟ್ಟಿಕೊಂಡ ಮೊದಲ ಕೆಲವು ತಾಸು ಸಿಟಿಯಲ್ಲಿ ಏನೂ ಕಾಣದೇ ಇರಬಹುದು. ರಕ್ತಸ್ರಾವವಿಲ್ಲ, ಶುರುವಾಗಿ ನಾಲ್ಕೂವರೆ ತಾಸು ದಾಟಿಲ್ಲ, ಶುಗರ್ ನೋಡಿಯಾಗಿದೆ, ಬಿಪಿ 185/110ರ ಒಳಗಿದೆ, ಬೇರೆ ಅಡ್ಡಿಯೂ ಇಲ್ಲ ಎಂದಾದರೆ ಹೆಪ್ಪು ಕರಗಿಸುವ ಔಷಧ ಶುರು ಮಾಡಬಹುದು.

ಎರಡನೆಯದು ಇಂಜೆಕ್ಷನ್ ಕೊಟ್ಟು ಮಾಡುವ ಸಿಟಿ ಆಂಜಿಯೋಗ್ರಾಂ. ಎದೆಯ ಮೇಲ್ಭಾಗದಿಂದ ನೆತ್ತಿಯವರೆಗಿನ ರಕ್ತನಾಳಗಳನ್ನು ತೋರಿಸುತ್ತದೆ. ದೊಡ್ಡ ನಾಳದಲ್ಲಿ ಕೂತ ಹೆಪ್ಪು ಬರೀ ಔಷಧಕ್ಕೆ ಕರಗುವುದು ಕಡಿಮೆ. ತೊಡೆಸಂದಿಯಿಂದ ಕೊಳವೆ ಏರಿಸಿ ಅದನ್ನು ಎಳೆದು ತೆಗೆಯಬೇಕಾಗುತ್ತದೆ, 6 ತಾಸಿನೊಳಗೆ. ಆಯ್ದ ಕೆಲವರಿಗೆ 24 ತಾಸಿನವರೆಗೂ ಅವಕಾಶವಿದೆ. ಹೆಪ್ಪು ಎಲ್ಲಿದೆ ಎಂದು ತಿಳಿಯದೆ ಇದ್ಯಾವುದನ್ನೂ ತೀರ್ಮಾನಿಸಲಾಗದು.

ಈಗ ಕಿಡ್ನಿಯ ಮಾತು. ಹಿಂದೆ ಬಳಸುತ್ತಿದ್ದ ಕಾಂಟ್ರಾಸ್ಟ್ ಔಷಧಗಳು ಈಗಿನವುಗಳಿಗಿಂತ ಒರಟು. ಅದಕ್ಕಿಂತ ದೊಡ್ಡ ಎಡವಟ್ಟು ಲೆಕ್ಕದಲ್ಲಿತ್ತು. ಹಳೆಯ ಅಧ್ಯಯನಗಳಲ್ಲಿ ಹೆಚ್ಚಿನವು ಇಂಜೆಕ್ಷನ್ ಪಡೆದವರ ಕ್ರಿಯಾಟಿನಿನ್ (ಕಿಡ್ನಿ ಸೋತರೆ ರಕ್ತದಲ್ಲಿ ಏರುವ ಕಲ್ಮಶ) ಮಾತ್ರ ಅಳೆದವು. ಪಡೆಯದವರದ್ದನ್ನು ಪಕ್ಕದಲ್ಲಿಟ್ಟು ನೋಡಲಿಲ್ಲ. ಆಸ್ಪತ್ರೆಯಲ್ಲಿ ಮಲಗಿದವರ ಕ್ರಿಯಾಟಿನಿನ್ ಹೇಗೂ ಏರಿಳಿಯುತ್ತದೆ. ನೀರು ಇಳಿದಿರುವುದಿಲ್ಲ, ಸೋಂಕಿರುತ್ತದೆ, ನೋವಿನ ಮಾತ್ರೆ ನುಂಗಿರುತ್ತಾರೆ. ರಾಯಚೂರಿನ ಮೇ ಬಿಸಿಲಲ್ಲಿ ಬೆಳಗಿನಿಂದ ಹನಿ ನೀರು ಕುಡಿಯದೆ ಬಂದವರ ಕ್ರಿಯಾಟಿನಿನ್ ಏರಿದ್ದರೆ ಅದಕ್ಕೆ ಇಂಜೆಕ್ಷನ್ ಹೊಣೆಯೇ? ಎರಡೂ ಗುಂಪನ್ನು ಹೋಲಿಸಿ ನೋಡಿದಾಗ, ಕಿಡ್ನಿ ಚೆನ್ನಾಗಿರುವವರಲ್ಲಿ ಹೇಳಿಕೊಳ್ಳುವಂಥ ವ್ಯತ್ಯಾಸ ಕಾಣಲಿಲ್ಲ.

2020ರಲ್ಲಿ ಅಮೆರಿಕದ ರೇಡಿಯಾಲಜಿ ಕಾಲೇಜು ಮತ್ತು ಅಲ್ಲಿನ ನ್ಯಾಷನಲ್ ಕಿಡ್ನಿ ಫೌಂಡೇಶನ್ ಕೂಡಿ ಇದನ್ನೇ ಹೇಳಿದವು. ಮುಖ್ಯವಾಗಿ ಎಚ್ಚರ ಬೇಕಾದ್ದು ಇಜಿಎಫ್‌ಆರ್ (ಕಿಡ್ನಿ ರಕ್ತ ಸೋಸುವ ವೇಗದ ಅಂದಾಜು) 30ಕ್ಕಿಂತ ಕೆಳಗಿದ್ದವರಿಗೆ, ಇಲ್ಲವೇ ಕಿಡ್ನಿ ದಿಢೀರನೆ ಕೆಟ್ಟವರಿಗೆ. ಅವರಿಗೂ ಕೊಡಲೇಬಾರದು ಎಂದಿಲ್ಲ, ಜೀವಕ್ಕೆ ಬೇಕಾದರೆ ಕೊಡುತ್ತಾರೆ. ಶುಗರ್ ಇದೆ ಎಂಬುದೊಂದೇ ಅಡ್ಡಿಯಲ್ಲ. ಶುಗರಿಗೆ ನುಂಗುವ ಮೆಟ್‌ಫಾರ್ಮಿನ್ ಮಾತ್ರೆಯನ್ನೂ ಇಂಥ ಕಿಡ್ನಿ ತೊಂದರೆ ಇದ್ದವರು 48 ತಾಸು ನಿಲ್ಲಿಸಿದರೆ ಸಾಕು.

"ಕ್ರಿಯಾಟಿನಿನ್ ರಿಪೋರ್ಟ್ ಬರಲಿ, ಆಮೇಲೆ ಮಾಡಿ" ಎಂದು ಹಟ ಹಿಡಿಯುವವರೂ ಇದ್ದಾರೆ. ಮೊದಲಿಂದ ಕಿಡ್ನಿ ಕಾಯಿಲೆ ಇಲ್ಲದವರಲ್ಲಿ ದೊಡ್ಡ ನಾಳ ಕಟ್ಟಿರುವ ಗುಮಾನಿ ಬಂದರೆ ರಿಪೋರ್ಟಿಗೆ ಕಾಯಬೇಕಿಲ್ಲ. ಅಂಥ ಸ್ಟ್ರೋಕಿನಲ್ಲಿ ನಿಮಿಷಕ್ಕೆ ಸುಮಾರು 19 ಲಕ್ಷ ನರಕೋಶ ಸಾಯುತ್ತವೆ. ರಿಪೋರ್ಟಿಗೆಂದು ಮುಕ್ಕಾಲು ತಾಸು ಕೂತರೆ ಎಂಟು ಕೋಟಿಗೂ ಹೆಚ್ಚು. ಏರಿದ ಕ್ರಿಯಾಟಿನಿನ್ ಬಹುತೇಕ ಸಲ ಕೆಲವು ದಿನಗಳಲ್ಲಿ ಇಳಿಯುತ್ತದೆ. ಸತ್ತ ನರಕೋಶ ಮರಳಿ ಬರುವುದಿಲ್ಲ.

ನಿಜವಾಗಿ ಕೆಡುವುದು ಬೇರೆ ಕಡೆ, ಸೂಜಿಯಲ್ಲಿ. ಈ ಔಷಧ ನೀರಿನಂತೆ ತಿಳಿ, ಒಳಗೆ ಅಯೋಡಿನ್ ಇರುತ್ತದೆ. 60–70 ಮಿಲಿಲೀಟರನ್ನು ಯಂತ್ರ ಸೆಕೆಂಡಿಗೆ 4–5 ಮಿಲಿಲೀಟರಿನಂತೆ ತಳ್ಳುತ್ತದೆ. ಅದಕ್ಕೆ ಮೊಳಕೈ ಮಡಿಕೆಯಲ್ಲಿ 18 ಅಥವಾ 20 ಗೇಜಿನ ಕ್ಯಾನುಲಾ (ನಾಳದೊಳಗೆ ಇಡುವ ಸೂಜಿಕೊಳವೆ) ಬೇಕು, ಗೇಜಿನ ಅಂಕಿ ಹೆಚ್ಚಿದಷ್ಟೂ ಕೊಳವೆ ಸಣ್ಣದು. ಹೊರಡುವ ಅವಸರದಲ್ಲಿ ಅಂಗೈ ಹಿಂಭಾಗಕ್ಕೆ 22 ಗೇಜಿನ ಸಣ್ಣ ನೀಲಿ ಕ್ಯಾನುಲಾ ಚುಚ್ಚಿ ಕಳಿಸಿರುತ್ತಾರೆ. ಆ ವೇಗವನ್ನು ಅದು ತಾಳದು. ನಾಳ ಒಡೆದು ಔಷಧ ಚರ್ಮದಡಿ ಸೇರಿ ಕೈ ಊದುತ್ತದೆ, ಚಿತ್ರವೂ ಕೆಡುತ್ತದೆ. ಸಾಧ್ಯವಾದರೆ ಬಲಗೈ ಮೇಲು. ಎಡಗೈಯಿಂದ ಹೋದ ಔಷಧ ಎದೆಗೂಡಿನಲ್ಲಿ ಅಡ್ಡ ಹಾಯುವಾಗ ಕುತ್ತಿಗೆಯ ನಾಳಗಳ ಬುಡವನ್ನು ಮರೆಮಾಡುತ್ತದೆ. ಒಳಹೋಗುವಾಗ ಮೈ ಬಿಸಿಯಾಗುತ್ತದೆ, ಮೂತ್ರ ಹೋದಂತೆನಿಸುತ್ತದೆ. ಹೆದರಿ ತಲೆ ಅಲ್ಲಾಡಿಸದಂತೆ ರೋಗಿಗೆ ಮೊದಲೇ ಹೇಳಿಡಿ.

ಮೀನು ಆಗದವರಿಗೆ ಈ ಔಷಧವೂ ಆಗದು ಎಂಬುದು ತಪ್ಪು. ಮೀನಿನ ಅಲರ್ಜಿ ಅದರ ಪ್ರೋಟೀನಿನಿಂದ, ಅಯೋಡಿನ್‌ನಿಂದಲ್ಲ. ಹಿಂದೆ ಇದೇ ಇಂಜೆಕ್ಷನ್‌ಗೆ ದದ್ದು ಎದ್ದಿದ್ದರೆ, ಉಸಿರು ಕಟ್ಟಿದ್ದರೆ ತಪ್ಪದೆ ಹೇಳಿ.

ಯಾರೂ ಕೇಳದ, ಕೇಳಲೇಬೇಕಾದ ಪ್ರಶ್ನೆ ಇನ್ನೊಂದಿದೆ. ಹೆಪ್ಪು ತೆಗೆಯಲು ಮುಂದಕ್ಕೆ ಕಳಿಸಿದಾಗ ಏನು ಒಯ್ಯಬೇಕು? ರಾಯಚೂರಿನವರು ಹೈದರಾಬಾದಿಗೆ, ಕೊಪ್ಪಳದವರು ಹುಬ್ಬಳ್ಳಿಗೆ, ಬಳ್ಳಾರಿಯವರು ಬೆಂಗಳೂರಿಗೆ ಹೊರಡುತ್ತಾರೆ, ಕೈಯಲ್ಲಿ ಎರಡು ಫಿಲ್ಮು, ಮೊಬೈಲಿನಲ್ಲಿ ಅದರ ಫೋಟೊ. ಆಂಜಿಯೋಗ್ರಾಂನಲ್ಲಿ ನೂರಾರು ಪದರಗಳಿರುತ್ತವೆ, ಫಿಲ್ಮಿಗೆ ಬಂದಿರುವುದು ಆಯ್ದ ಕೆಲವೇ. ಎಲ್ಲ ಪದರಗಳೂ ಇರುವ ಡೈಕಾಮ್ ಸಿಡಿ ಕೇಳಿ ಪಡೆಯಿರಿ, ಇಲ್ಲವೇ ಲಿಂಕ್ ಕಳಿಸಲು ಹೇಳಿ, ಆಂಬುಲೆನ್ಸ್ ಬರುವಷ್ಟರಲ್ಲಿ ಆಗುತ್ತದೆ. ಸಿಡಿಯಾಗಲಿ ಲಿಂಕ್ ಆಗಲಿ ಇಲ್ಲದಿದ್ದರೆ ಅಲ್ಲಿ ಮತ್ತೆ ಸ್ಕ್ಯಾನ್ ಮಾಡಬೇಕಾಗುತ್ತದೆ, ಅಷ್ಟು ಹೊತ್ತು ಹಾಳು, ಮೇಲೆ ಅದೇ ಇಂಜೆಕ್ಷನ್ ಇನ್ನೊಂದು ಸಲ.