ಹಳಸುವ ಮೊದಲೇ ಕುಡಿದು ಮುಗಿಸಬೇಕು: ಮೆಕ್ಸಿಕೋ ನಗರದ ಪುಲ್ಕೆ ಅಂಗಡಿಗಳು

ಮೆಕ್ಸಿಕೋ ನಗರದ ಹಳೆಯ ಭಾಗದಲ್ಲಿ ಪುಲ್ಕೇರಿಯಾ ಎಂಬ ಅಂಗಡಿಗಳಿವೆ. ಅಲ್ಲಿ ಮಾರುವುದು ಮುಖ್ಯವಾಗಿ ಒಂದೇ ಪಾನೀಯ, ಪುಲ್ಕೆ. ಕತ್ತಾಳೆ ಕುಲದ ಗಿಡದ ರಸ ಹುಳಿಸಿ ಮಾಡುವ ಹೆಂಡ ಅದು. ಹಾಲಿನ ಬಣ್ಣ, ತುಸು ಹುಳಿ, ಬಾಯಲ್ಲಿ ಲೋಳೆ ಲೋಳೆ. ಹಳೇ ಗಿರಾಕಿಗಳಿಗೆ ಒಂದು ಅಭ್ಯಾಸವಿದೆ. ಲೋಟದ ತಳದಲ್ಲಿ ಉಳಿದ ಕೊನೆಯ ಗುಟುಕನ್ನು ನೆಲಕ್ಕೆ ಚೆಲ್ಲುತ್ತಾರೆ. ಅದು ಎಳೆ ಎಳೆಯಾಗಿ ಬಿದ್ದು, ಹಿಂದೆ ಬಾಲ ಬಿಟ್ಟುಕೊಂಡು ಚೇಳಿನ ಹಾಗೆ ಕಂಡರೆ ಪುಲ್ಕೆ ಚೆನ್ನಾಗಿದೆ ಎಂದು ಅರ್ಥ. ಇದಕ್ಕೆ ಅವರ ಮಾತಿನಲ್ಲಿ ಹೆಸರೇ ‘ಅಲಕ್ರಾನ್’, ಅಂದರೆ ಚೇಳು. ನೀರು ಬೆರೆಸಿದ್ದರೆ ಬಾಲ ಮೂಡುವುದಿಲ್ಲ, ಸುಮ್ನೆ ಹರಡಿಕೊಳ್ಳುತ್ತದೆ.

ನನಗೆ ಇದು ಬಹಳ ಇಷ್ಟವಾದ ಪರೀಕ್ಷೆ. ಯಾವ ಉಪಕರಣವೂ ಇಲ್ಲದೆ ಆ ಗಿರಾಕಿ ಒಂದು ಬ್ಯಾಕ್ಟೀರಿಯಾದ ಕೆಲಸವನ್ನು ಕಣ್ಣಲ್ಲೇ ಅಳೆದುಬಿಡುತ್ತಾನೆ. ಆ ಬ್ಯಾಕ್ಟೀರಿಯಾದ ಹೆಸರು ಲ್ಯೂಕೊನೊಸ್ಟಾಕ್ ಮೆಸೆಂಟೆರಾಯ್ಡಿಸ್. ಹೆಸರು ಹೊಸದಾಗಿ ಕೇಳಿಸಬಹುದು, ಆದರೆ ಇದು ನಮ್ಮ ಮನೆಯದೇ. ರಾತ್ರಿ ರುಬ್ಬಿಟ್ಟ ಇಡ್ಲಿ ಹಿಟ್ಟು ಬೆಳಗಾಗುವುದರೊಳಗೆ ಉಬ್ಬಿ ಪಾತ್ರೆಯ ಮುಚ್ಚಳ ಎತ್ತಿರುತ್ತದೆ, ಅಲ್ವಾ? ಹಾಗೆ ಗಾಳಿ ತುಂಬಿ ಹುಳಿ ಬರಿಸುವವರಲ್ಲಿ ಇದು ಮುಖ್ಯವಾದದ್ದು.

ಪುಲ್ಕೆಯಲ್ಲಿ ಇದು ಇನ್ನೊಂದು ಕೆಲಸವನ್ನೂ ಮಾಡುತ್ತದೆ. ನಾವು ತಿನ್ನುವ ಸಕ್ಕರೆಯ ಒಂದೊಂದು ಅಣುವಿನಲ್ಲೂ ಎರಡು ತುಂಡುಗಳಿರುತ್ತವೆ, ಗ್ಲೂಕೋಸ್ ಮತ್ತು ಫ್ರಕ್ಟೋಸ್. ಈ ಬ್ಯಾಕ್ಟೀರಿಯಾ ಅವನ್ನು ಬಿಡಿಸಿ, ಗ್ಲೂಕೋಸ್ ತುಂಡುಗಳನ್ನು ಮಾತ್ರ ಒಂದರ ಹಿಂದೊಂದು ಪೋಣಿಸುತ್ತದೆ. ಹಾಗೆ ಆದ ಉದ್ದದ ಸರಕ್ಕೆ ಡೆಕ್ಸ್‌ಟ್ರಾನ್ ಎನ್ನುತ್ತಾರೆ. ಚೇಳಿನ ಬಾಲ ಮೂಡುವುದು ಇದರಿಂದಲೇ. ಕಬ್ಬು ಕಡಿದು ತಡವಾಗಿ ಅರೆದರೆ ಸಕ್ಕರೆ ಕಾರ್ಖಾನೆಯವರಿಗೆ ತಲೆನೋವು ತರುವ ಲೋಳೆಯೂ ಇದೇ. ರಕ್ತ ಹೆಚ್ಚು ಹರಿದುಹೋದವರಿಗೆ ನಾಳದ ಮೂಲಕ ಕೊಡುವ ಕೆಲವು ದ್ರವಗಳಲ್ಲಿ ಇರುವುದೂ ಡೆಕ್ಸ್‌ಟ್ರಾನೇ.

ಇನ್ನು ಗಿಡದ ವಿಷಯ. ಹೊಲದ ಬದುವಿನಲ್ಲಿ, ರೈಲು ಹಳಿಯ ಪಕ್ಕದಲ್ಲಿ ನಾವು ನೋಡುವ ಕತ್ತಾಳೆಯ ಕುಲದ್ದೇ ಅದು. ಈ ಕುಲದ ತವರು ಅಮೆರಿಕ ಖಂಡ. ನಾವು ಅದನ್ನು ಬೇಲಿಗೆ ನೆಟ್ಟೆವು, ನಾರು ತೆಗೆದು ಹಗ್ಗ ಹೊಸೆದೆವು. ಮೆಕ್ಸಿಕೋದ ನಡುಭಾಗದ ಎತ್ತರದ ಒಣ ನೆಲದಲ್ಲಿ ಬೆಳೆಯುವ ದೊಡ್ಡ ಜಾತಿಗಳಿಗೆ ಅಲ್ಲಿಯವರು ಮಗೇ ಎನ್ನುತ್ತಾರೆ. ಎಲೆಗಳು ಆಳೆತ್ತರ ಬರುತ್ತವೆ. ಈ ಗಿಡ ನೀರು ಉಳಿಸುವ ರೀತಿ ನೋಡಿ: ಬಿಸಿಲಲ್ಲಿ ಎಲೆಯ ಸಣ್ಣ ರಂಧ್ರಗಳನ್ನು ಮುಚ್ಚಿಕೊಂಡಿದ್ದು, ರಾತ್ರಿ ತಂಪಾದ ಮೇಲೆ ತೆರೆದು ಇಂಗಾಲದ ಡೈಆಕ್ಸೈಡ್ ಒಳಗೆಳೆದುಕೊಳ್ಳುತ್ತದೆ. ಅದನ್ನು ಆಮ್ಲದ ರೂಪದಲ್ಲಿ ಕೂಡಿಟ್ಟು, ಹಗಲು ಬೆಳಕು ಬಂದಾಗ ಸಕ್ಕರೆ ಮಾಡುತ್ತದೆ.

ಹೀಗೆ ಸುಮಾರು 8ರಿಂದ 12 ವರ್ಷ ಕೂಡಿಡುವುದು ಒಂದೇ ಒಂದು ಹೂವಿನ ಕಂಬಕ್ಕಾಗಿ. ಆ ಕಂಬ ಮನೆಗಿಂತ ಎತ್ತರ ಹೋಗುತ್ತದೆ, ಹೂ ಬಿಡುತ್ತದೆ, ಬೀಜ ಕಟ್ಟುತ್ತದೆ, ಗಿಡ ಸಾಯುತ್ತದೆ. ಕಂಬ ಏಳುವ ಸ್ವಲ್ಪ ಮುಂಚೆ ನಡುವಿನ ಎಲೆಗಳು ಸಣ್ಣಗಾಗುತ್ತವೆ. ನುರಿತವರು ಆ ಗುರುತು ಹಿಡಿದು ಗಿಡದ ಸುಳಿಯನ್ನೇ ಕತ್ತರಿಸಿ ತೆಗೆಯುತ್ತಾರೆ. ಆಮೇಲೆ ಕೆಲವು ತಿಂಗಳು ಗಿಡವನ್ನು ಹಾಗೇ ಬಿಡುತ್ತಾರೆ. ಹೂವಿಗೆಂದು ಇಟ್ಟುಕೊಂಡಿದ್ದ ಸಿಹಿಗೆ ಈಗ ಹೋಗಲು ದಾರಿಯಿಲ್ಲ. ನಡುವೆ ಗುಳಿ ತೋಡಿದರೆ ಅಲ್ಲಿಗೆ ಜಿನುಗಿ ಬರುತ್ತದೆ. ಅದಕ್ಕೆ ‘ಅಗ್ವಾಮಿಯೆಲ್’, ಜೇನುನೀರು ಎಂದು ಹೆಸರು.

ಈ ಜೇನುನೀರು ತೆಗೆಯುವವನು ತ್ಲಾಚಿಕೇರೋ. ದಿನಕ್ಕೆ ಎರಡು ಸಲ, ಬೆಳಗ್ಗೆ ಮತ್ತು ಸಂಜೆ, ಅವನು ಪ್ರತಿ ಗಿಡದ ಹತ್ತಿರ ಹೋಗಲೇಬೇಕು. ಕೈಯಲ್ಲಿ ಒಂದು ಉದ್ದನೆಯ ಒಣಗಿದ ಸೋರೆಬುರುಡೆ. ಎರಡೂ ತುದಿಯಲ್ಲಿ ತೂತು. ಒಂದು ತುದಿಯನ್ನು ಗುಳಿಯಲ್ಲಿ ಅದ್ದಿ, ಇನ್ನೊಂದು ತುದಿಗೆ ಬಾಯಿಟ್ಟು ಎಳೆಯುತ್ತಾನೆ. ರಸ ಬುರುಡೆಯ ಹೊಟ್ಟೆ ತುಂಬಿಕೊಳ್ಳುತ್ತದೆ. ಆಮೇಲೆ ಅದನ್ನು ಕ್ಯಾನಿಗೆ ಸುರಿದು, ಗುಳಿಯ ಒಳಗೋಡೆಯನ್ನು ಒಂದು ಬಾಗಿದ ಕಬ್ಬಿಣದಿಂದ ತೆಳ್ಳಗೆ ಕೆರೆಯುತ್ತಾನೆ. ಕೆರೆಯದಿದ್ದರೆ ಗಿಡ ಗಾಯವನ್ನು ಮುಚ್ಚಿಕೊಂಡುಬಿಡುತ್ತದೆ, ರಸ ನಿಲ್ಲುತ್ತದೆ. ನಮ್ಮಲ್ಲಿ ಸೇಂದಿ ಇಳಿಸುವವರು ಹೊಂಬಾಳೆಯ ತುದಿಯನ್ನು ದಿನಾ ತೆಳ್ಳಗೆ ಸವರುವುದೂ ಇದೇ ಕಾರಣಕ್ಕೆ. ಒಂದು ಗಿಡ ದಿನಕ್ಕೆ ಕೆಲವು ಲೀಟರು ಕೊಡುತ್ತದೆ. ಮೂರರಿಂದ ಆರು ತಿಂಗಳು ಹೀಗೆ ಕೊಟ್ಟು ಒಣಗುತ್ತದೆ.

ರಸ ಹುಳಿಯುವ ಮನೆಯ ಹೆಸರು ತಿನಕಾಲ್. ಹಿಂದೆ ಅಲ್ಲಿ ಮರದ ಚೌಕಟ್ಟಿಗೆ ಹಸುವಿನ ಚರ್ಮ ಬಿಗಿದ ತೊಟ್ಟಿಗಳಿರುತ್ತಿದ್ದವು. ಹಳೆಯ ಪುಲ್ಕೆಯನ್ನೇ ‘ಬೀಜ’ವಾಗಿ ಇಟ್ಟುಕೊಂಡು ಹೊಸ ರಸಕ್ಕೆ ಬೆರೆಸುತ್ತಾರೆ, ನಾವು ಹೆಪ್ಪು ಹಾಕಿದ ಹಾಗೆ. ಒಳಗೆ ಬರುವವರು ಟೋಪಿ ತೆಗೆಯಬೇಕಿತ್ತು. ದೇವರ ಮನೆಗೆ ಕೊಡುವ ಮರ್ಯಾದೆ ಅದು.

ಇಲ್ಲಿ ಇನ್ನೊಬ್ಬ ಕೆಲಸಗಾರ ಸೇರುತ್ತಾನೆ. ಹೆಂಡ ಎಂದರೆ ಯೀಸ್ಟ್ ಎಂದು ನಮ್ಮ ಲೆಕ್ಕ. ಪುಲ್ಕೆಯಲ್ಲೂ ಯೀಸ್ಟ್ ಇದೆ. ಅದರ ಜೊತೆಗೆ ಮದ್ಯ ಮಾಡುವ ಒಂದು ಬ್ಯಾಕ್ಟೀರಿಯಾವೂ ಇದೆ, ಝೈಮೊಮೊನಾಸ್ ಮೊಬಿಲಿಸ್. ಪೌಲ್ ಲಿಂಡ್ನರ್ ಎಂಬ ಜರ್ಮನ್ ವಿಜ್ಞಾನಿ 1920ರ ದಶಕದಲ್ಲಿ ಮೆಕ್ಸಿಕೋದಲ್ಲಿದ್ದಾಗ ಅದನ್ನು ಪುಲ್ಕೆಯಿಂದಲೇ ಬೇರ್ಪಡಿಸಿದರು. ಆಮೇಲೆ ಇದು ತಾಳೆ ಜಾತಿಯ ಮರಗಳ ಸೇಂದಿಯಲ್ಲೂ ಸಿಕ್ಕಿತು. ಒಂದು ಗ್ಲೂಕೋಸ್ ಅಣುವನ್ನು ಮುರಿದರೆ ಯೀಸ್ಟ್‌ಗೆ ಶಕ್ತಿಯ ಎರಡು ನಾಣ್ಯ ಸಿಗುತ್ತವೆ ಅಂದುಕೊಳ್ಳಿ. ಝೈಮೊಮೊನಾಸ್‌ಗೆ ಸಿಗುವುದು ಒಂದೇ. ಹಾಗಾಗಿ ಹೊಟ್ಟೆ ತುಂಬಬೇಕಾದರೆ ಅದು ಜಾಸ್ತಿ ಸಕ್ಕರೆಯನ್ನು ಬೇಗ ಬೇಗ ಮುರಿಯಬೇಕು. ಅದರ ಮೈ ಬೆಳೆಯುವುದು ಕಡಿಮೆ, ಮದ್ಯ ಆಗುವುದು ಜಾಸ್ತಿ. ವಾಹನಗಳಿಗೆ ಬೇಕಾದ ಎಥೆನಾಲ್ ಮಾಡಲು ವಿಜ್ಞಾನಿಗಳು ಇದರ ಬೆನ್ನು ಹತ್ತಿರುವುದು ಈ ಗುಣಕ್ಕಾಗಿಯೇ.

ಪುಲ್ಕೆ ಅಂಗಡಿಗಳ ಇಡೀ ಚರಿತ್ರೆ ಈ ಆತುರದ ಮೇಲೆ ನಿಂತಿದೆ ಎಂದು ನಾನು ನಂಬಿದ್ದೇನೆ. ವೈನಿನಲ್ಲಿ ಸಕ್ಕರೆ ಮುಗಿದ ಮೇಲೆ ಕೆಲಸ ನಿಲ್ಲಿಸಬಹುದು, ಬಾಟಲಿಗೆ ತುಂಬಿ ವರ್ಷಗಟ್ಟಲೆ ಇಡಬಹುದು. ಮೆಸ್ಕಾಲ್, ಟಕೀಲಾ ಕೂಡ ಇದೇ ಕುಲದ ಗಿಡದಿಂದ ಬಂದವು. ಅಲ್ಲಿ ಗಿಡದ ದಿಂಡನ್ನು ಬೇಯಿಸಿ, ಹುಳಿಸಿ, ಭಟ್ಟಿ ಇಳಿಸುತ್ತಾರೆ. ಸೂಕ್ಷ್ಮಜೀವಿಗಳೆಲ್ಲ ಹಿಂದೆ ಉಳಿಯುತ್ತವೆ. ಪುಲ್ಕೆಯಲ್ಲಿ ಅವು ಲೋಟದ ತನಕ ಬರುತ್ತವೆ. ಮದ್ಯ ಶೇಕಡ 4ರಿಂದ 7ರಷ್ಟಿರುವಾಗ ಕುಡಿಯಬೇಕು. ಕೆಲವೇ ದಿನ ದಾಟಿದರೆ ಹುಳಿ ಏರುತ್ತದೆ, ವಾಸನೆ ಕೆಡುತ್ತದೆ. ಪುಲ್ಕೆ ಎಂಬ ಹೆಸರೇ ಅಲ್ಲಿನ ಮೂಲನಿವಾಸಿಗಳ ನಾವಾತ್ಲ್ ಭಾಷೆಯ ‘ಓಕ್ತ್ಲಿ ಪೊಲಿಯುಕಿ’, ಅಂದರೆ ಹಳಸಿದ ಹೆಂಡ ಎಂಬ ಮಾತಿನಿಂದ ಬಂದಿರಬಹುದು ಎನ್ನುತ್ತಾರೆ. ಆ ನಾಡನ್ನು ಗೆದ್ದು ಆಳಿದ ಸ್ಪೇನಿನವರ ಕಿವಿಗೆ ಆ ಮಾತು ಅಷ್ಟು ಸಲ ಬಿದ್ದಿರಬೇಕು.

ಆದ್ದರಿಂದ ಪುಲ್ಕೆ ದೂರ ಹೋಗಲಾರದು. ಹೇಸರಗತ್ತೆಗಳ ಮೇಲೆ ಚರ್ಮದ ಚೀಲದಲ್ಲಿ ಬರುತ್ತಿದ್ದ ಕಾಲದಲ್ಲಿ ನಗರದ ಸುತ್ತಮುತ್ತಲಿನದ್ದು ಮಾತ್ರ ಸಿಗುತ್ತಿತ್ತು. 1873ರಲ್ಲಿ ಮೆಕ್ಸಿಕೋ ನಗರದಿಂದ ವೆರಾಕ್ರೂಜ್ ಬಂದರಿಗೆ ರೈಲು ಬಂತು. ದಾರಿ ಆಪಾನ್ ಬಯಲಿನ ಮೂಲಕ, ಕಣ್ಣು ಹಾಯಿಸಿದಷ್ಟೂ ಮಗೇ ಗಿಡಗಳ ನಡುವೆ. ಅಲ್ಲಿನ ಪೀಪಾಯಿಗಳು ದಿನಾ ರೈಲಿನಲ್ಲಿ ನಗರಕ್ಕೆ ಇಳಿಯತೊಡಗಿದವು. ಜಮೀನ್ದಾರರು ಅರಮನೆ ಕಟ್ಟಿಸಿಕೊಂಡರು. 20ನೇ ಶತಮಾನದ ಆರಂಭದಲ್ಲಿ ನಗರದಲ್ಲಿ ಸುಮಾರು ಒಂದು ಸಾವಿರ ಪುಲ್ಕೇರಿಯಾಗಳಿದ್ದವು. ಬಂದ ಸರಕು ಅಂದೇ ಖರ್ಚಾಗಬೇಕಲ್ಲ, ಮೂಲೆಗೊಂದು ಅಂಗಡಿ ಬೇಕೇ ಬೇಕಿತ್ತು.

ಅಂಗಡಿಯ ಅಂದಚಂದವೂ ಹಾಗೇ. ಹಿಂದೆಮುಂದೆ ತೂಗುವ ಬಾಗಿಲು, ನೆಲದ ಮೇಲೆ ಮರದ ಹೊಟ್ಟು, ಮೇಲೆ ಕತ್ತರಿಸಿದ ಬಣ್ಣದ ಕಾಗದದ ತೋರಣ, ಗೋಡೆಯ ತುಂಬ ಚಿತ್ರ. ಲೋಟಗಳಿಗೂ ಒಂದೊಂದು ಹೆಸರು. ತಿರುಪಿನಂತೆ ಸುತ್ತು ಸುತ್ತಾಗಿರುವ ಗಾಜಿನ ಲೋಟಕ್ಕೆ ‘ತೊರ್ನಿಯೋ’, ಅಂದರೆ ಸ್ಕ್ರೂ. ಅಂಗಡಿಗಳ ಹೆಸರು ಇನ್ನೂ ಸೊಗಸು. 1903ರ ‘ಲಾ ರಿಸಾ’ ಎಂದರೆ ನಗು. 1912ರ ‘ಲಾಸ್ ದುಯೆಲಿಸ್ತಾಸ್’ ಎಂದರೆ ದ್ವಂದ್ವಯುದ್ಧಕ್ಕೆ ಇಳಿದ ಹೆಂಗಸರು. ಎರಡೂ ಇಂದಿಗೂ ನಡೆಯುತ್ತಿವೆ. ಅದೇ ನಗರದ ಕಾಂತೀನಾ ಎಂಬ ಬಾರುಗಳು ಬೇರೆ ಜಾತಿಯವು. ಅಲ್ಲಿ ಬಾಟಲಿಗಳ ಸಾಲು, ಕುಡಿತದ ಜೊತೆ ಬೋತಾನಾ ಎಂಬ ತಿಂಡಿ. 1876ರ ‘ಲಾ ಓಪೆರಾ’ದ ಮೇಲ್ಛಾವಣಿಯಲ್ಲಿರುವ ಒಂದು ತೂತನ್ನು ತೋರಿಸಿ, ಕ್ರಾಂತಿಯ ನಾಯಕ ಪಾಂಚೋ ವಿಯಾ ಹಾರಿಸಿದ ಗುಂಡಿನದ್ದು ಎಂದು ಹೇಳುತ್ತಾರೆ.

ಬಾಟಲಿ ಇದ್ದವರೇ ಕೊನೆಗೆ ಗೆದ್ದರು. 1910ರ ಕ್ರಾಂತಿಯಲ್ಲಿ ದೊಡ್ಡ ಜಮೀನುಗಳು ಒಡೆದವು. ಇತ್ತ ಬಿಯರ್ ಬೆಳೆಯಿತು. ಬಿಯರನ್ನು ಬಿಸಿಮಾಡಿ, ಜೀವಿಗಳನ್ನು ಕೊಂದು, ಮುಚ್ಚಳ ಹಾಕಿ ಸಾವಿರ ಮೈಲಿ ಕಳಿಸಬಹುದು. ಪುಲ್ಕೆ ಕೊಳಕು, ಬಿಯರ್ ಶುಚಿ ಎಂಬ ಮಾತು ಹಬ್ಬಿತು. ಬೇಗ ಹುಳಿಯಲಿ ಎಂದು ಪುಲ್ಕೆಯಲ್ಲಿ ಸಗಣಿಯ ಗಂಟು ಅದ್ದುತ್ತಾರೆ ಎಂಬ ಕಥೆ ಇವತ್ತಿಗೂ ಮೆಕ್ಸಿಕೋದಲ್ಲಿ ಓಡಾಡುತ್ತದೆ. ಇದು ನನಗೆ ನಿಜಕ್ಕೂ ನೋವು ಕೊಡುವ ವಿಷಯ. ರಸಕ್ಕೆ ಬೇಕಾದ ಜೀವಿಗಳೆಲ್ಲ ಗಿಡದಲ್ಲೇ ಇವೆ, ಹಳೆಯ ‘ಬೀಜ’ದಲ್ಲೂ ಇವೆ. ಹೆಪ್ಪು ಇದ್ದವರಿಗೆ ಸಗಣಿ ಯಾಕೆ? ಆದರೆ ಇಂಥ ಮಾತು ಒಮ್ಮೆ ಕಿವಿಗೆ ಬಿದ್ದರೆ ಲೋಟ ಎತ್ತಲು ಮನಸ್ಸು ಬರುವುದಿಲ್ಲ. ಅಂಗಡಿಗಳು ಒಂದೊಂದಾಗಿ ಮುಚ್ಚಿದವು.

ಬಡವರ ಪಾಲಿಗೆ ಅದು ಬರೀ ಅಮಲು ಆಗಿರಲಿಲ್ಲ. ಮಾಂಸವಾಗಲು ಪುಲ್ಕೆಗೆ ಒಂದೇ ಮೆಟ್ಟಿಲು ಬಾಕಿ ಎಂದು ಅಲ್ಲಿ ಗಾದೆಯಿದೆ. ನೀರಿಲ್ಲದ ಮೆಸ್ಕಿತಾಲ್ ಕಣಿವೆಯ ಒತೋಮಿ ಜನರ ಊಟವನ್ನು 1940ರ ದಶಕದಲ್ಲಿ ಅಳೆದು ನೋಡಿದಾಗ, ಅವರಿಗೆ ಸಿಗುತ್ತಿದ್ದ ಸಿ ಜೀವಸತ್ವದ ಸುಮಾರು ಅರ್ಧ ಪುಲ್ಕೆಯಿಂದಲೇ ಬರುತ್ತಿತ್ತು. ಹಾಗಂತ ಮದ್ಯ ಮದ್ಯವೇ, ಅದರ ಹಾನಿ ಎಲ್ಲೂ ಹೋಗುವುದಿಲ್ಲ. ಇದು ಸ್ಪೇನಿನವರು ಬರುವ ಮೊದಲು ಅಲ್ಲಿ ಆಳುತ್ತಿದ್ದ ಮೆಶೀಕರಿಗೂ, ಅಂದರೆ ಆಜ್ಟೆಕರಿಗೂ, ಗೊತ್ತಿತ್ತು. ಮಗೇ ಗಿಡದಲ್ಲಿ ಅವರು 400 ಮೊಲೆಗಳ ದೇವತೆ ಮಯಾವೆಲ್‌ಳನ್ನು ಕಂಡರು. ಆದರೆ ಕುಡಿತಕ್ಕೆ ಕಟ್ಟುನಿಟ್ಟು ಹಾಕಿದ್ದರು, ತಪ್ಪಿದರೆ ಮರಣದಂಡನೆಯವರೆಗೂ ಹೋಗುತ್ತಿತ್ತು. ಮನಸಾರೆ ಕುಡಿಯಲು ಬಿಡುತ್ತಿದ್ದದ್ದು ವಯಸ್ಸಾದವರಿಗೆ. ಮೆಂಡೋಜಾ ಕೋಡೆಕ್ಸ್ ಎಂಬ 16ನೇ ಶತಮಾನದ ಚಿತ್ರಗ್ರಂಥದಲ್ಲಿ 70 ವರ್ಷದ ಅಜ್ಜ ಅಜ್ಜಿ ನಿರಾಳವಾಗಿ ಕುಡಿಯುತ್ತಿರುವ ಚಿತ್ರವಿದೆ. ಸ್ಪೇನಿನವರ ಕಾಲದಲ್ಲಿ, 1692ರ ದಂಗೆಯ ಬಳಿಕ, ನಗರದಲ್ಲಿ ಪುಲ್ಕೆಯನ್ನೇ ನಿಷೇಧಿಸಿದರು. ತೆರಿಗೆಯ ಆಸೆ ದೊಡ್ಡದು, ಐದು ವರ್ಷದಲ್ಲಿ ವಾಪಸ್ ಬಂತು.

ಇದೆಲ್ಲಕ್ಕಿಂತ ಹಳೆಯ ಸಾಕ್ಷಿ ಕೊಟ್ಟದ್ದೂ ಝೈಮೊಮೊನಾಸೇ. ತಾನೇ ಮಾಡಿದ ಮದ್ಯದಿಂದ ತನ್ನ ಹೊರಪೊರೆ ಕರಗದಿರಲಿ ಎಂದು ಅದು ಹೋಪನಾಯ್ಡ್ ಎಂಬ ಎಣ್ಣೆಯಂಥ ಅಣುಗಳನ್ನು ಪೊರೆಯಲ್ಲಿ ತುಂಬಿಕೊಳ್ಳುತ್ತದೆ. ಮದ್ಯ ಆರಿಹೋಗುತ್ತದೆ, ಸಕ್ಕರೆ ಕೊಳೆಯುತ್ತದೆ, ಈ ಅಣುಗಳು ಮಾತ್ರ ಮಡಕೆಯ ಮಣ್ಣಿನಲ್ಲಿ ಉಳಿದುಬಿಡುತ್ತವೆ. ಮೆಕ್ಸಿಕೋ ನಗರದ ಹತ್ತಿರದ ಪ್ರಾಚೀನ ನಗರ ತೆಯೋತಿಉಆಕಾನ್‌ನಲ್ಲಿ ಸಿಕ್ಕ 300ಕ್ಕೂ ಹೆಚ್ಚು ಮಡಕೆ ಚೂರುಗಳನ್ನು ಪರೀಕ್ಷಿಸಿ, 14ರಲ್ಲಿ ಈ ಗುರುತು ಕಂಡಿದ್ದಾಗಿ 2014ರಲ್ಲಿ ಸಂಶೋಧಕರು ಪ್ರಕಟಿಸಿದರು. ಸುಮಾರು ಒಂದೂವರೆ ಸಾವಿರ ವರ್ಷದ ಹಿಂದೆ ಯಾರೋ ಬರಿದು ಮಾಡಿಟ್ಟ ಮಡಕೆಗಳು ಅವು.

ಈಗ ಉಳಿದಿರುವ ಕೆಲವೇ ಪುಲ್ಕೇರಿಯಾಗಳಲ್ಲಿ ಮತ್ತೆ ಜನ ಸೇರುತ್ತಿದ್ದಾರೆ, ಅದರಲ್ಲೂ ಹುಡುಗ ಹುಡುಗಿಯರು. 1980ರ ದಶಕದ ಆರಂಭದವರೆಗೆ ಹೆಂಗಸರಿಗೆ ಒಳಗೆ ಪ್ರವೇಶವಿರಲಿಲ್ಲ, ಕೆಲವು ಕಡೆ ಪಕ್ಕದಲ್ಲಿ ಬೇರೆ ಕಿಂಡಿ ಇರುತ್ತಿತ್ತು. ಈಗ ಎಲ್ಲರೂ ಒಂದೇ ಮೇಜಿಗೆ ಕೂರುತ್ತಾರೆ. ಪೇರಲೆ, ಬೀಟ್‌ರೂಟ್, ಓಟ್ಸ್ ಬೆರೆಸಿದ ಬಣ್ಣಬಣ್ಣದ ‘ಕುರಾದೋ’ ತರಿಸಿಕೊಳ್ಳುತ್ತಾರೆ.

ಕೊರತೆಯಿರುವುದು ಗಿಡದ್ದು. ಎಲೆಯ ಮೇಲಿನ ತೆಳು ಪೊರೆಯನ್ನು ಮಾಂಸ ಸುತ್ತಿ ಬೇಯಿಸಲೆಂದು ಕಳ್ಳರು ಸುಲಿದೊಯ್ಯುತ್ತಾರೆ. ಬುಡದಲ್ಲಿರುವ ಕೆಂಪು ಹುಳುವಿಗೆ ಒಳ್ಳೆಯ ಬೆಲೆಯಿದೆ, ಅದಕ್ಕಾಗಿ ಗಿಡವನ್ನೇ ಕಿತ್ತುಹಾಕುತ್ತಾರೆ. ಬಾಳೆಗೆ ಇರುವಂತೆ ಮಗೇಗೂ ಬುಡದಲ್ಲಿ ಕಂದುಗಳು ಏಳುತ್ತವೆ. ರೈತರು ಅವನ್ನು ಬಿಡಿಸಿ ಸಾಲಾಗಿ ನೆಡುತ್ತಿದ್ದಾರೆ. ಈ ವರ್ಷ ನೆಟ್ಟ ಕಂದಿನ ಮುಂದೆ ತ್ಲಾಚಿಕೇರೋ ಸೋರೆಬುರುಡೆ ಹಿಡಿದು ಬಗ್ಗುವುದು ಇನ್ನು ಹತ್ತು ವರ್ಷಕ್ಕೆ. ಅವನು ಎಳೆದ ರಸ ಒಂದೇ ವಾರದಲ್ಲಿ ನಗರದ ಯಾವುದೋ ತೊರ್ನಿಯೋದಲ್ಲಿ ಖಾಲಿಯಾಗುತ್ತದೆ.